ಆಲ್ಕೊರಿಸಾ ಲೇಖನ: ಈಗ ಹಾಕೋಕಾಗಲ್ಲ, ಆದ್ರೆ ಕೈಬಿಡಬೇಡಿ

ನಮಸ್ಕಾರ. ಮೆಕ್ಸಿಕೋದ ಚಿತ್ರಕಥೆಗಾರ ಲೂಯಿಸ್ ಆಲ್ಕೊರಿಸಾ ಬಗ್ಗೆ ನೀವು ಕಳಿಸಿದ ಲೇಖನ ಪೂರ್ತಿ ಓದ್ದೆ. ಮುಚ್ಚುಮರೆ ಇಲ್ದೆ ಹೇಳ್ಬಿಡ್ತೀನಿ, ಈಗಿರೋ ಹಾಗೆ ಹಾಕೋಕಾಗಲ್ಲ. ಆದ್ರೆ ಹೀರೋ, ಡೈರೆಕ್ಟರ್ ಬಿಟ್ಟು ಒಬ್ಬ ರೈಟರ್ ಬಗ್ಗೆ ಬರೀಬೇಕು ಅಂತ ನಿಮಗೆ ಅನಿಸಿದೆಯಲ್ಲ, ಅದಕ್ಕೇ ಇಷ್ಟುದ್ದ ಉತ್ತರ.

‘ಮೆಕ್ಸಿಕೋ ಮಣ್ಣಿನ ಮಗ’ ಅಂತ ಶುರು ಮಾಡಿದೀರ. ಅವರು ಹುಟ್ಟಿದ್ದು 1918ರಲ್ಲಿ, ಸ್ಪೇನಿನ ಬಡಾಹೋಸ್‌ನಲ್ಲಿ. ನಾಟಕದವರ ಮನೆತನ, ಅಂತರ್ಯುದ್ಧದಿಂದಾಗಿ ದೇಶ ಬಿಟ್ಟು ಮೆಕ್ಸಿಕೋ ಸೇರಿದವರು, ಅಲ್ಲಿ ಮೊದಲು ಆಕ್ಟಿಂಗ್, ಆಮೇಲೆ ಬರವಣಿಗೆ. ಇದನ್ನ ಬರೀ ಊರಿನ ಹೆಸರು ತಿದ್ದಿ ಮುಗಿಸಬೇಡಿ. ಹೊರಗಿಂದ ಬಂದವರು ಅಲ್ಲಿನ ಕೊಳೆಗೇರಿ ಹುಡುಗರ ಬಾಯಲ್ಲಿ ಮಾತು ಹೇಗೆ ಆಡಿಸಿದ್ರು ಅನ್ನೋದೇ ನಿಮ್ಮ ಲೇಖನದ ಜೀವಾಳ ಆಗ್ಬಹುದಿತ್ತು. ಆ ಹುಡುಗರದೇ ಕಥೆಯಾದ 1950ರ ‘ಲೋಸ್ ಒಲ್ವಿದಾದೋಸ್’ ಚಿತ್ರಕಥೇಲಿ ಇವರ ಜೊತೆ ಕೂತ ಡೈರೆಕ್ಟರ್ ಬುನ್ಯುಯೆಲ್ ಕೂಡ ಸ್ಪೇನಿನವರೇ. ಮಾತಿಗೆ ಕೈಜೋಡಿಸಿದ್ದು ಪೆದ್ರೊ ದೆ ಉರ್ದಿಮಾಲಾಸ್, ಬಡವರ ವಠಾರದ ಕಥೆಗಳನ್ನ ಬರೆದು ಜನರನ್ನ ಅಳಿಸಿ ನಗಿಸಿದ ಮನುಷ್ಯ, ಆದ್ರೆ ಟೈಟಲ್‌ನಲ್ಲಿ ನನ್ನ ಹೆಸರು ಬೇಡ ಅಂದ್ಬಿಟ್ರು! ಇಂಥ ವಿಷಯ ಕೈಯಲ್ಲಿಟ್ಕೊಂಡು ನೀವು ‘ಅಮೋಘ’, ‘ಮೈಲಿಗಲ್ಲು’ ಅಂತ ಬರೆದ್ರೆ ಓದೋರಿಗೆ ಏನು ಸಿಕ್ಕಂಗಾಯ್ತು ಹೇಳಿ.

ದೊಡ್ಡ ತಕರಾರು ಇನ್ನೊಂದಿದೆ. ಮೂರು ಪುಟ ಬರೀ ಸಿನಿಮಾ ಹೆಸರು, ಇಸವಿ, ಅವಾರ್ಡು. ಮದುವೆ ಮನೇಲಿ ಮುಯ್ಯಿ ಬರೆದಂಗಿದೆ. ಚಿತ್ರಕಥೆಗಾರನ ಕೆಲಸ ಅಂದ್ರೆ ಏನು ಅಂತ ಒಂದು ಕಡೆನೂ ಕಾಣಲ್ಲ. ‘ಲೋಸ್ ಒಲ್ವಿದಾದೋಸ್’ನ ಐವತ್ತು ಪೆಸೊ ನೋಟು ತಗೊಳ್ಳಿ. ಪೆದ್ರೊ ಅನ್ನೋ ಹುಡುಗ ರಿಮ್ಯಾಂಡ್ ಹೋಮ್ ಥರದ ಶಾಲೇಲಿದಾನೆ, ಅಲ್ಲಿನ ಮುಖ್ಯಸ್ಥ ಇವನ ಮೇಲೆ ನಂಬಿಕೆ ಇದೆ ಅಂತ ತೋರಿಸೋಕೆ ಐವತ್ತು ಪೆಸೊ ಕೊಟ್ಟು ಸಿಗರೇಟು ತಾ ಅಂತ ಹೊರಗೆ ಕಳಿಸ್ತಾನೆ, ಹುಡುಗ ಗೇಟು ದಾಟ್ತಿದ್ದಂಗೆ ಹಾಯ್ಬೋ ಅನ್ನೋ ಪುಂಡ ಸಿಕ್ಕಿ ದುಡ್ಡು ಕಿತ್ಕೊಳ್ತಾನೆ, ಇನ್ನು ಯಾವ ಮುಖ ಇಟ್ಕೊಂಡು ವಾಪಸ್ ಹೋಗೋದು? ಅಲ್ಲಿಂದ ಪೆದ್ರೊ ಸಾವಿನವರೆಗೂ ಕಥೆ ನಿಲ್ಲೋದೇ ಇಲ್ಲ. ಒಳ್ಳೇದು ಮಾಡಕ್ಕೆ ಹೋದ ಕೈಯೇ ಹುಡುಗನ್ನ ಬೀದಿಗೆ ತಳ್ತು. ಇನ್ನೂ ಮಜಾ ಅಂದ್ರೆ, 1996ರಲ್ಲಿ ಇದೇ ಸಿನಿಮಾದ ಬೇರೆ ಕ್ಲೈಮ್ಯಾಕ್ಸ್ ಸಿಕ್ತು, ಅದರಲ್ಲಿ ಸಾಯೋದು ಹಾಯ್ಬೋ ಮಾತ್ರ, ಪೆದ್ರೊ ಆ ದುಡ್ಡು ತಗೊಂಡು ಶಾಲೆಗೆ ವಾಪಸ್ ಹೋಗ್ತಾನೆ. ಎರಡೂ ಅಂತ್ಯ ಅದೇ ನೋಟಿನ ಮೇಲೆ ನಿಂತಿದೆ. ಇದರಲ್ಲಿ ಯಾರದ್ದು ಎಷ್ಟು ಅಂತ ಪಾಲು ಮಾಡೋಕೆ ಹೋಗ್ಬೇಡಿ, ಕಟ್ಟಿರೋ ರೀತಿ ತೋರಿಸಿ ಸಾಕು.

ಮತ್ತೆ ಜಾನೆಟ್ ಎಲ್ಲಿ? ‘ಪತ್ನಿಯ ಪ್ರೋತ್ಸಾಹವೂ ಇತ್ತು’ ಅಂತ ಒಂದೇ ಸಾಲು ಬರೆದು ಕೈತೊಳ್ಕೊಂಡಿದೀರ. ಪ್ರೋತ್ಸಾಹ ಅಲ್ಲ ಸ್ವಾಮಿ, ಆಕೆ ಜೊತೆ ಲೇಖಕಿ. ಡ್ಯಾನ್ಸರ್ ಆಗಿದ್ದವರು, 1949ರ ‘ಎಲ್ ಗ್ರಾನ್ ಕಾಲಾವೆರಾ’ ಚಿತ್ರಕಥೆ ಗಂಡ ಹೆಂಡತಿ ಇಬ್ಬರೂ ಸೇರಿ ಬರೆದದ್ದು, ಒಂದು ನಾಟಕದಿಂದ ತಗೊಂಡು. ಬುನ್ಯುಯೆಲ್ ಜೊತೆ ಆಲ್ಕೊರಿಸಾ ಪಯಣ ಶುರುವಾಗಿದ್ದೇ ಅಲ್ಲಿಂದ. ಆಕೆಗೆ ಒಂದು ಪುಟ ಕೊಡಿ.

ಆಮೇಲೆ ಆಲ್ಕೊರಿಸಾ ಅವರೇ ಡೈರೆಕ್ಟರ್ ಆದ ಭಾಗ ಚೆನ್ನಾಗಿದೆ, ‘ತ್ಲಾಯುಕಾನ್’ ಬಗ್ಗೆ ಬರೆದದ್ದಂತೂ ನಿಜವಾಗ್ಲೂ ಇಷ್ಟ ಆಯ್ತು. ಮಗನ ಕಾಯಿಲೆಗೆ ದುಡ್ಡಿಲ್ಲದ ಬಡವ ಚರ್ಚಿನ ವಿಗ್ರಹದ ಮುತ್ತು ಕದೀತಾನೆ, ಅದನ್ನ ಹಂದಿ ನುಂಗತ್ತೆ. ನಿಮ್ಮ ಭಾಷೆ ಅಲ್ಲಿ ತಾನಾಗೇ ಸಲೀಸಾಗಿದೆ, ಯಾಕಂದ್ರೆ ನೀವು ಸಿನಿಮಾ ನೋಡಿ ಬರೆದಿದೀರ, ಉಳಿದದ್ದು ಎಲ್ಲೋ ಓದಿ ಬರೆದಂಗಿದೆ. ಆಸ್ಕರ್ ನಾಮಿನೇಷನ್ ವಿಷಯ ಒಂದು ಸಾಲು ಸಾಕು.

ಕೊನೆಯ ‘ನಮ್ಮ ಗಾಂಧಿನಗರ ಯಾವಾಗ ಕಲಿಯುತ್ತೆ’ ಪ್ಯಾರಾ ಪೂರ್ತಿ ಕಿತ್ತಾಕಿ, ಲೇಖನಕ್ಕೂ ಅದಕ್ಕೂ ಸಂಬಂಧನೇ ಇಲ್ಲ, ಎಲ್ರೂ ಬರೆಯೋ ಬೈಗುಳ ಅದು. ಎರಡು ಸಿನಿಮಾ ಸಾಕು, ಐವತ್ತು ಪೆಸೊದಿಂದ್ಲೇ ಶುರು ಮಾಡಿ, ಸಾವಿರದೈನೂರು ಪದ ಮೀರಬಾರ್ದು. ಯೂನಿಕೋಡ್‌ನಲ್ಲಿ ಕಳಿಸಿ, ಪಿಡಿಎಫ್ ಬೇಡ. ಮುಂದಿನ ತಿಂಗಳ ಸಿನಿಮಾ ವಿಶೇಷಕ್ಕೆ ಜಾಗ ಇನ್ನೂ ಖಾಲಿ ಇದೆ.