ಹೃದಯದ ಆಕಾರದ ಆಲೂಗಡ್ಡೆ

ಓದುಗರ ಪತ್ರ: ಕಳೆದ ಸಂಚಿಕೆಯ ಫ್ರೆಂಚ್ ನ್ಯೂ ವೇವ್ (ಫ್ರೆಂಚ್ ಸಿನಿಮಾದ ಹೊಸ ಅಲೆ) ಲೇಖನದ ತುಂಬ ನಿರ್ದೇಶಕರಾದ ತ್ರುಫೋ, ಗೊದಾರ್ ಇದ್ದಾರೆ. ನಿರ್ದೇಶಕಿ ಆನ್ಯೆಸ್ ವಾರ್ದಾಗೆ ಒಂದೇ ಸಾಲು, ಅದೂ ‘ನಿರ್ದೇಶಕ ಜಾಕ್ ದೆಮಿಯ ಹೆಂಡತಿ’ ಅಂತ. ಇದು ಸರಿಯೇ?

ಸಂಪಾದಕರ ಉತ್ತರ: ಸರಿಯಲ್ಲ. ಆ ಸಾಲನ್ನು ಅಚ್ಚಿಗೆ ಬಿಟ್ಟವನು ನಾನೇ. ಕ್ಷಮಿಸಿ.

ತ್ರುಫೋ ಅವರ ಮೊದಲ ದೊಡ್ಡ ಚಿತ್ರ ಬಂದದ್ದು 1959ರಲ್ಲಿ, ಗೊದಾರ್ ಅವರದ್ದು 1960ರಲ್ಲಿ. ವಾರ್ದಾ 1954ರಲ್ಲೇ ಫ್ರಾನ್ಸ್‌ನ ಸೆತ್ ಎಂಬ ಬಂದರು ಊರಿನ ಮೀನುಗಾರರ ಕೇರಿಯಲ್ಲಿ ‘ಲಾ ಪ್ವಾಂತ್ ಕೂರ್ತ್’ ಚಿತ್ರೀಕರಿಸಿದ್ದರು. ಆಗ ಅವರಿಗೆ 26 ವರ್ಷ. ಸಿನಿಮಾ ಕಲಿತವರಲ್ಲ, ನಾಟಕ ತಂಡದ ಫೋಟೋಗ್ರಾಫರ್. ನೋಡಿದ್ದ ಸಿನಿಮಾಗಳೂ ಬೆರಳೆಣಿಕೆಯಷ್ಟು. ಆದರೆ ಆ ಕೇರಿ ಗೊತ್ತಿತ್ತು. ಹುಟ್ಟಿದ್ದು ಬೆಲ್ಜಿಯಂನಲ್ಲಾದರೂ, ಎರಡನೇ ಮಹಾಯುದ್ಧದ ಕಾಲಕ್ಕೆ ಮನೆಯವರೆಲ್ಲ ಸೆತ್‌ಗೆ ಬಂದು ದೋಣಿಯೊಂದರಲ್ಲೇ ಸಂಸಾರ ಹೂಡಿದ್ದರು.

ನನಗೆ ತುಂಬಾ ಇಷ್ಟವಾದ ಸಂಗತಿ ಒಂದು ವೈರ್‌ನದ್ದು. 1970ರ ದಶಕದಲ್ಲಿ ವಾರ್ದಾ ಅವರ ಮಗ ಇನ್ನೂ ಚಿಕ್ಕವನು, ಮನೆ ಬಿಟ್ಟು ದೂರ ಹೋಗುವ ಹಾಗಿರಲಿಲ್ಲ. ಪ್ಯಾರಿಸ್‌ನ ದಾಗೆರ್ ಬೀದಿಯ ತಮ್ಮ ಮನೆಯಿಂದಲೇ ಚಿತ್ರೀಕರಣಕ್ಕೆ ಕರೆಂಟ್ ತೆಗೆದುಕೊಂಡರು. ವೈರ್ 80-90 ಮೀಟರ್ ಇತ್ತು. ಅದು ಎಲ್ಲಿಯವರೆಗೆ ಹೋಗುತ್ತೋ ಅಲ್ಲಿಯವರೆಗೆ ಸಿನಿಮಾ. ಬ್ರೆಡ್ ಸುಡುವವ, ಮಾಂಸದಂಗಡಿಯವ, ದರ್ಜಿ, ಸೆಂಟಿನ ಅಂಗಡಿಯ ವಯಸ್ಸಾದ ಗಂಡ ಹೆಂಡತಿ. ಬೀದಿಯವರೇ ಪಾತ್ರಧಾರಿಗಳು. ಎಳೆ ಮಗುವಿರುವ ಮನೆಯಲ್ಲಿ ಕೆಲಸ ಮಾಡಿದವರಿಗೆ ಆ ವೈರ್‌ನ ಅಳತೆ ಚೆನ್ನಾಗಿ ಗೊತ್ತು, ಅಲ್ವಾ?

ಆಮೇಲೆ 1985ರಲ್ಲಿ ವೆನಿಸ್ ಚಿತ್ರೋತ್ಸವದ ಗೋಲ್ಡನ್ ಲಯನ್, 2017ರಲ್ಲಿ ಗೌರವ ಆಸ್ಕರ್. ಪ್ರಶಸ್ತಿಗಳ ಮಾತು ಅಷ್ಟು ಸಾಕು.

2000ದಲ್ಲಿ, ಎಪ್ಪತ್ತು ದಾಟಿದ ಮೇಲೆ, ಸಣ್ಣ ಡಿಜಿಟಲ್ ಕ್ಯಾಮೆರಾ ಹಿಡಿದು ಹಕ್ಕಲಾಯುವವರ ಹಿಂದೆ ಹೋಗಿ ಚಿತ್ರ ಮಾಡಿದರು. ಕೊಯ್ಲಾದ ಹೊಲದಲ್ಲಿ ಉಳಿದದ್ದನ್ನು ಆರಿಸಿಕೊಳ್ಳುವ ಜನ. ಆಕಾರ ಸರಿಯಿಲ್ಲವೆಂದು ಸುರಿದುಹೋದ ಆಲೂಗಡ್ಡೆ ರಾಶಿಯಲ್ಲಿ ಒಂದು ಹೃದಯದ ಹಾಗಿತ್ತು. ವಾರ್ದಾ ಅಂಥವನ್ನು ಆರಿಸಿ ಮನೆಗೆ ಒಯ್ದರು. ಅವು ಸುಕ್ಕಾಗಿ ಮೊಳಕೆ ಒಡೆಯುವುದನ್ನೂ ನೋಡಿದರು. ಅದೇ ಚಿತ್ರದಲ್ಲಿ ಒಂದು ಕೈಯಲ್ಲಿ ಕ್ಯಾಮೆರಾ ಹಿಡಿದು, ಸುಕ್ಕುಗಟ್ಟಿದ ತಮ್ಮ ಇನ್ನೊಂದು ಕೈಯನ್ನು ತೋರಿಸುತ್ತಾರೆ. ಹೊಲ, ಆಲೂಗಡ್ಡೆ, ಕೈ ಎಲ್ಲವನ್ನೂ ಒಂದೇ ಅಕ್ಕರೆಯಿಂದ ನೋಡುವ ಕಣ್ಣು ಅದು.

2019ರ ಮಾರ್ಚ್‌ನಲ್ಲಿ ತೀರಿಕೊಂಡರು, 90 ವರ್ಷ. ದೆಮಿಯ ಹೆಂಡತಿ ಹೌದು. ದೆಮಿ ಕೊನೆಯ ದಿನ ಎಣಿಸುತ್ತಿದ್ದಾಗ ಅವರ ಬಾಲ್ಯವನ್ನೇ ಸಿನಿಮಾ ಮಾಡಿದ್ದು ಕೂಡ ಇವರೇ. ಮುಂದಿನ ಸಂಚಿಕೆಯಲ್ಲಿ ವಾರ್ದಾಗೆ ನಾಲ್ಕು ಪುಟ ಇಟ್ಟಿದ್ದೇವೆ. ಓದಿ, ಮತ್ತೆ ಬರೆಯಿರಿ.