ಸಂಪಾದಕರ ಉತ್ತರ: ಅಜ್ಜನ ಬಿಲ್ಲೆ, ಕುಮಟಾದ ಹತ್ತಿ

ಕಳೆದ ಸಂಚಿಕೆಯಲ್ಲಿ ಹುಬ್ಬಳ್ಳಿ ರೈಲ್ವೆ ಬಗ್ಗೆ ಎಂಟು ಪುಟಗಳ ಬರಹ ಹಾಕಿದ್ದೆವು. ಅದನ್ನು ಓದಿದ ಗದಗ ರಸ್ತೆ ಕಡೆಯ ಓದುಗರೊಬ್ಬರು ನಾಲ್ಕು ಹಾಳೆ ಪತ್ರ ಬರೆದಿದ್ದಾರೆ. ನಿವೃತ್ತ ಶಿಕ್ಷಕಿ. ಹೆಸರು ಹಾಕಬೇಡಿ ಎಂದಿದ್ದಾರೆ, ಹಾಕುತ್ತಿಲ್ಲ. ಅವರು ಹೇಳಿದ್ದು ಮೂರು ಮಾತು. ಒಂದು, ಪ್ಲಾಟ್‌ಫಾರ್ಮು, ಕಟ್ಟಡ, ಎಂಜಿನ್ನು ಎಲ್ಲದರ ಬಗ್ಗೆ ಬರೆದಿರಿ, ರೈಲ್ವೆ ವರ್ಕ್‌ಶಾಪಿನಲ್ಲಿ ದುಡಿದ ನಮ್ಮ ಅಜ್ಜನಂಥ ಖಲಾಸಿಗಳ ಬಗ್ಗೆ ಒಂದು ಸಾಲೂ ಇಲ್ಲ. ಎರಡು, ಬ್ರಿಟಿಷರನ್ನು ಬೈಯುವುದು ಸುಲಭ, ಆದರೆ ರೈಲು ಬರದೇ ಇದ್ದಿದ್ದರೆ ಹುಬ್ಬಳ್ಳಿ ಒಂದು ದೊಡ್ಡ ಹಳ್ಳಿಯಾಗೇ ಉಳಿಯುತ್ತಿತ್ತು. ಮೂರು, ಅಜ್ಜನ ನಂಬರ್ ಇರುವ ಹಿತ್ತಾಳೆ ಬಿಲ್ಲೆ ಮನೆಯಲ್ಲಿದೆ, ಮ್ಯೂಸಿಯಮ್ಮಿಗೆ ಕೊಡಲೋ ಬೇಡವೋ?

ಅಕ್ಕಾ, ನಮಸ್ಕಾರ.

ಮೊದಲನೇ ಮಾತಿಗೆ ನನ್ನಲ್ಲಿ ಉತ್ತರವಿಲ್ಲ. ನಿಮ್ಮ ಪತ್ರ ಬಂದ ಮೇಲೆ ಆ ಬರಹವನ್ನು ಮತ್ತೆ ತೆಗೆದು ನೋಡಿದೆ. ಹುಬ್ಬಳ್ಳಿ ಸ್ಟೇಷನ್ನಿನ ಪ್ಲಾಟ್‌ಫಾರ್ಮಿನ ಉದ್ದ, 1,507 ಮೀಟರ್ ಅನ್ನುವ ಅಂಕಿ, ಮೂರು ಸಲ ಬಂದಿದೆ. ಹಳಿ ನೋಡಿಕೊಳ್ಳುವ ಗ್ಯಾಂಗ್‌ಮನ್ ಅನ್ನುವ ಪದ ಒಂದು ಸಲವೂ ಇಲ್ಲ. 2023ರ ಮಾರ್ಚ್‌ನಲ್ಲಿ ಉದ್ಘಾಟನೆಯಾದ ಆ ಪ್ಲಾಟ್‌ಫಾರ್ಮು ಜಗತ್ತಿನಲ್ಲೇ ಉದ್ದದ್ದು, ನಿಜ. ಬ್ಯಾಗು ಹೊತ್ತುಕೊಂಡು ಈ ತುದಿಯಿಂದ ಆ ತುದಿಗೆ ನಡೆದವರಿಗೆ ಅದರ ಮಹಿಮೆ ಇನ್ನೂ ಚೆನ್ನಾಗಿ ಗೊತ್ತು. ಆದರೆ ಅಷ್ಟಕ್ಕೇ ನಾವು ಮರುಳಾದದ್ದು ತಪ್ಪು. ಕ್ಷಮಿಸಿ.

ಎರಡನೇ ಮಾತಿಗೆ ಮಾತ್ರ ನನ್ನ ಜಗಳ ಇದೆ. ಸ್ವಲ್ಪ ಉದ್ದಕ್ಕೆ ಹೇಳುತ್ತೇನೆ, ಸಾವಕಾಶವಾಗಿ ಓದಿ.

ಹುಬ್ಬಳ್ಳಿ ರೈಲಿಗಾಗಿ ಕಾದು ಕೂತ ಊರಲ್ಲ. 1727ರಲ್ಲೇ, ಸವಣೂರು ನವಾಬರ ಕಾಲದಲ್ಲಿ, ಬಸಪ್ಪ ಶೆಟ್ಟರು ದುರ್ಗದಬೈಲಿನ ಹತ್ತಿರ ಹೊಸ ಹುಬ್ಬಳ್ಳಿ ಕಟ್ಟಿಸಿದ್ದರು. ಪೇಟೆ ಇತ್ತು, ಸಾಲ ಕೊಡುವ ಸಾಹುಕಾರರಿದ್ದರು, ನೇಕಾರರಿದ್ದರು. ಎಲ್ಲಕ್ಕಿಂತ ಜಾಸ್ತಿ ಹತ್ತಿ ಇತ್ತು. ಈ ಹತ್ತಿ ಹೊರಗೆ ಹೋಗುತ್ತಿದ್ದದ್ದು ಎಲ್ಲಿಂದ ಗೊತ್ತಾ? ಕುಮಟಾದಿಂದ. ಎತ್ತಿನ ಗಾಡಿಗಳು ಸಾಲುಗಟ್ಟಿ ಘಟ್ಟ ಇಳಿಯುತ್ತಿದ್ದವು. ಅಲ್ಲಿ ಹತ್ತಿ ಹಡಗಿಗೆ ಹೋಗುತ್ತಿತ್ತು, ವಾಪಸ್ ಬರುವಾಗ ಗಾಡಿಯಲ್ಲಿ ಉಪ್ಪು, ತೆಂಗಿನಕಾಯಿ. ಮುಂಬೈ ಮಾರುಕಟ್ಟೆಯಲ್ಲಿ ಧಾರವಾಡ ಸೀಮೆಯ ಹತ್ತಿಗೆ ಹೆಸರೇ ‘ಕುಮಟಾ ಹತ್ತಿ’. ಬೆಳೆಯುವುದು ನಮ್ಮ ಎರೆ ಹೊಲದಲ್ಲಿ, ಹೆಸರು ಮಾತ್ರ ಕಡಲ ತೀರದ ಊರಿನದು.

1861ರಿಂದ 65ರವರೆಗೆ ಅಮೆರಿಕದಲ್ಲಿ ಅವರವರೇ ಹೊಡೆದಾಡಿಕೊಂಡರು. ಮ್ಯಾಂಚೆಸ್ಟರಿನ ಗಿರಣಿಗಳಿಗೆ ಅಲ್ಲಿನ ಹತ್ತಿ ನಿಂತುಹೋಯಿತು. ಆಗ ಸಾಹೇಬರ ಕಣ್ಣು ಬಿದ್ದದ್ದು ಧಾರವಾಡದ ಮೇಲೆ. ಮದ್ರಾಸ್ ಪ್ರಾಂತ್ಯದಲ್ಲಿದ್ದ ಉತ್ತರ ಕನ್ನಡವನ್ನು 1862ರಲ್ಲಿ ಮುಂಬೈ ಪ್ರಾಂತ್ಯಕ್ಕೆ ಸೇರಿಸಿದರು. ಹತ್ತಿ ಬೆಳೆಯುವ ನೆಲ, ಹಡಗು ನಿಲ್ಲುವ ಬಂದರು ಎರಡೂ ಒಬ್ಬರ ಕೈಯಲ್ಲೇ ಇರಲಿ ಅಂತ. ಕಾರವಾರವನ್ನು ದೊಡ್ಡ ಬಂದರು ಮಾಡುವುದು, ಅಲ್ಲಿಂದ ಹುಬ್ಬಳ್ಳಿಗೆ ರೈಲು ಹಾಕುವುದು, ಇದು ಲೆಕ್ಕಾಚಾರ. ಕಾರವಾರದ ಜನ ಕಾದರು. ರೈಲು ಬರಲಿಲ್ಲ. 1878ರಲ್ಲಿ ಬ್ರಿಟಿಷರು ಪೋರ್ಚುಗೀಸರ ಜೊತೆ ಒಪ್ಪಂದ ಮಾಡಿಕೊಂಡರು, ಹಳಿ ಕ್ಯಾಸಲ್‌ರಾಕ್ ದಾಟಿ ಗೋವಾದ ಮೊರ್ಮುಗಾವ್ ಬಂದರಿಗೆ ಹೋಯಿತು. 1880ರ ದಶಕ ಮುಗಿಯುವುದರೊಳಗೆ ಹತ್ತಿಯ ದಾರಿಯೇ ತಿರುಗಿತು. ಘಟ್ಟ ಇಳಿಯುವ ಗಾಡಿಗಳು ಕಮ್ಮಿಯಾದವು. ಕುಮಟಾ ಬಂದರು ಮಂಕಾಯಿತು. ಗಾಡಿ ಹೊಡೆಯುವವರು, ಹೇರೆತ್ತಿನವರು, ದಾರಿಯುದ್ದಕ್ಕೂ ಗಾಡಿ ನಿಲ್ಲಿಸುವ ಊರುಗಳಲ್ಲಿ ಮೇವು, ರೊಟ್ಟಿ ಮಾರಿ ಬದುಕುತ್ತಿದ್ದವರು, ಇವರಿಗೆಲ್ಲ ಏನಾಯಿತು ಅಂತ ಯಾರೂ ಕೇಳಲಿಲ್ಲ.

ಕುಮಟಾಕ್ಕೆ ರೈಲು ಬಂದದ್ದು ಯಾವಾಗ ಹೇಳಿ? ಕೊಂಕಣ ರೈಲ್ವೆ ಹಾಕಿದಾಗ, 1990ರ ದಶಕದಲ್ಲಿ. ನೂರು ವರ್ಷದ ಮೇಲೆ. ಹುಬ್ಬಳ್ಳಿಯಿಂದ ಉತ್ತರ ಕನ್ನಡದ ಕರಾವಳಿಗೆ ನೇರ ಹಳಿ ಮಾತ್ರ ಇವತ್ತಿಗೂ ಇಲ್ಲ. ಹುಬ್ಬಳ್ಳಿ–ಅಂಕೋಲಾ ಮಾರ್ಗದ ಶಂಕುಸ್ಥಾಪನೆಯಾಗಿ ಎಷ್ಟೋ ವರ್ಷವಾಯಿತು, ಕಾಡು ಉಳಿಯಬೇಕೋ ರೈಲು ಬರಬೇಕೋ ಎಂಬ ವಾದ ಮುಗಿಯುತ್ತಿಲ್ಲ. (ನನ್ನನ್ನು ಕೇಳಿದರೆ ಎರಡೂ ಕಡೆಯವರು ಹೇಳುವುದು ಅರ್ಧರ್ಧ ಸರಿ. ಅದರ ಜಗಳ ಇನ್ನೊಂದು ಸಂಚಿಕೆಗೆ ಇರಲಿ.) ಹಾಗಾಗಿ ರೈಲು ಬರದಿದ್ದರೆ ಹುಬ್ಬಳ್ಳಿ ಏನಾಗುತ್ತಿತ್ತು ಅಂತ ಕೇಳುವಾಗ, ರೈಲು ಬೇರೆ ಕಡೆ ಹೋದದ್ದರಿಂದ ಕುಮಟಾ ಏನಾಯಿತು ಅಂತಲೂ ಕೇಳಬೇಕು, ಅಲ್ವಾ?

ಇನ್ನೊಂದು ವಿಷಯ. ಈ ಹಳಿ ಬಂದದ್ದು ಹತ್ತಿಗಾಗಿ ಮಾತ್ರ ಅಲ್ಲ, ಬರಕ್ಕಾಗಿಯೂ. 1876ರಿಂದ 78ರವರೆಗಿನ ದೊಡ್ಡ ಬರದಲ್ಲಿ ನಮ್ಮ ಕಡೆಯ ಜಿಲ್ಲೆಗಳು, ಬಳ್ಳಾರಿ, ಇಡೀ ಮೈಸೂರು ಸಂಸ್ಥಾನ ಬೆಂದುಹೋದವು. ಮೈಸೂರಿನಲ್ಲೇ ಸತ್ತವರು ಹತ್ತು ಲಕ್ಷದಷ್ಟು ಎನ್ನುತ್ತಾರೆ. ಆಗ ಬೆಂಗಳೂರಿಗೆ ರೈಲು ಬಂದು ಹನ್ನೆರಡು ವರ್ಷವಾಗಿತ್ತು. ಧಾನ್ಯ ರೈಲಿನಲ್ಲಿ ಬೆಂಗಳೂರಿನವರೆಗೆ ಬಂತು, ಮುಂದೆ ಸಾಗಿಸಲು ಗಾಡಿ ಬೇಕು, ಗಾಡಿಗೆ ಎತ್ತು ಬೇಕು, ಎತ್ತುಗಳೇ ಮೇವಿಲ್ಲದೆ ಸಾಯುತ್ತಿದ್ದವು. ಅದಕ್ಕೇ 1880ರ ಬರಗಾಲದ ಆಯೋಗ ಒಳನಾಡಿಗೆಲ್ಲ ರೈಲು ಹಾಕಿ ಎಂದಿತು. ಸದರ್ನ್ ಮರಾಠಾ ರೈಲ್ವೆ ಕಂಪನಿ ಹುಟ್ಟಿದ್ದು 1882ರಲ್ಲಿ. ಖರ್ಚು ಕಮ್ಮಿ ಅಂತ ಮೀಟರ್ ಗೇಜು, ಅಂದರೆ ಎರಡು ಹಳಿಗಳ ನಡುವೆ ಒಂದೇ ಮೀಟರ್ ಅಂತರ. ಹಳಿಗೆ ಬೇಕಾದ ಮಣ್ಣಿನ ಕೆಲಸದಲ್ಲಿ ಒಂದಷ್ಟು ಬರ ಪರಿಹಾರದ ಕೂಲಿಯಾಗಿಯೇ ನಡೆದಿತ್ತು. ಮದ್ರಾಸ್ ಪ್ರಾಂತ್ಯದಲ್ಲಿ, ಅಂದರೆ ಆಗಿನ ಬಳ್ಳಾರಿಯೂ ಸೇರಿ, ದಿನಕ್ಕೆ ಒಂದು ಪೌಂಡ್ ಧಾನ್ಯ, ಮೇಲೆ ಚಿಲ್ಲರೆ ಕಾಸು, ಇಷ್ಟು ಸಾಕು ಎಂದು ರಿಚರ್ಡ್ ಟೆಂಪಲ್ ಎಂಬ ಅಧಿಕಾರಿ ಕೂಲಿ ಇಳಿಸಿದ್ದ. ಒಂದು ಪೌಂಡ್ ಅಂದರೆ ಅರ್ಧ ಕಿಲೋ ಕೂಡ ಅಲ್ಲ. ಅದನ್ನು ತಿಂದು ಬಿಸಿಲಲ್ಲಿ ಮಣ್ಣು ಹೊರಬೇಕು. ಹೊಗೆಬಂಡಿ ಬಂದ ಹಾದಿಯ ಕೆಳಗೆ ಅಂಥವರ ಬೆವರಿದೆ. ಬ್ರಿಟಿಷರು ಕೊಟ್ಟರು ಎನ್ನುವಾಗ ನನಗೆ ಗಂಟಲಲ್ಲಿ ಸಿಕ್ಕಿಕೊಳ್ಳುವುದು ಇದೇ.

ಇನ್ನು ನಿಮ್ಮ ಅಜ್ಜನ ವರ್ಕ್‌ಶಾಪಿಗೆ ಬರುತ್ತೇನೆ.

ಕಂಪನಿ ಒಂದು ಕೆಲಸ ಮಾಡಿತು. ಹೆಡ್ ಆಫೀಸು ಧಾರವಾಡದಲ್ಲಿ, ವರ್ಕ್‌ಶಾಪು ಹುಬ್ಬಳ್ಳಿಯಲ್ಲಿ. ನಡುವೆ ಇಪ್ಪತ್ತು ಕಿಲೋಮೀಟರ್. ಅಲ್ಲಿ ಕಾಗದ, ಇಲ್ಲಿ ಕಬ್ಬಿಣ. ಎರಡೂ ಊರಿನ ಸ್ವಭಾವದ ಬಗ್ಗೆ ಇವತ್ತಿಗೂ ನಾವು ಆಡಿಕೊಳ್ಳುವ ಜೋಕುಗಳಿಗೆ ಒಂದು ಬೇರು ಇಲ್ಲೂ ಇರಬಹುದು, ಸುಮ್ನೆ ಹೇಳಿದೆ. 1908ರಲ್ಲಿ ಈ ಕಂಪನಿ ಮದ್ರಾಸ್ ರೈಲ್ವೆ ಜೊತೆ ಸೇರಿ ಮದ್ರಾಸ್ ಅಂಡ್ ಸದರ್ನ್ ಮರಾಠಾ ರೈಲ್ವೆ ಆಯಿತು, ಆಫೀಸು ಮದ್ರಾಸಿಗೆ ಹೋಯಿತು. ಧಾರವಾಡದಲ್ಲಿ ದೊಡ್ಡ ಕಲ್ಲಿನ ಕಟ್ಟಡ ಖಾಲಿ. ಅಷ್ಟರಲ್ಲಿ ಅರಟಾಳ ರುದ್ರಗೌಡರು ಮತ್ತು ಇತರರು ಊರೂರು ತಿರುಗಿ ಹಣ ಕೂಡಿಸಿ ಕಾಲೇಜಿಗಾಗಿ ಓಡಾಡುತ್ತಿದ್ದರು. 1917ರಲ್ಲಿ ಕರ್ನಾಟಕ ಕಾಲೇಜು ಶುರುವಾಯಿತು, ಆಮೇಲೆ ರೈಲ್ವೆಯ ಆ ಕಟ್ಟಡಕ್ಕೇ ಬಂತು. ಅದುವರೆಗೆ ಡಿಗ್ರಿ ಓದಬೇಕಾದರೆ ನಮ್ಮ ಹುಡುಗರು ಪುಣೆಗೋ ಮುಂಬೈಗೋ ಹೋಗಬೇಕಿತ್ತು. ರೈಲು ಬಂದು ಮಾಡಿದ್ದಕ್ಕಿಂತ ಬಿಟ್ಟುಹೋಗಿ ಧಾರವಾಡಕ್ಕೆ ಮಾಡಿದ ಉಪಕಾರವೇ ದೊಡ್ಡದು ಅಂತ ನನಗೆ ಎಷ್ಟೋ ಸಲ ಅನಿಸಿದೆ.

ಆಫೀಸನ್ನು ಫೈಲು ಕಟ್ಟಿ ಒಯ್ಯಬಹುದು. ವರ್ಕ್‌ಶಾಪನ್ನು ಒಯ್ಯುವುದು ಕಷ್ಟ. ಭಟ್ಟಿ, ಲೇತು, ಬಾಯ್ಲರ್ ಶಾಪು, ಅದಕ್ಕಿಂತ ಹೆಚ್ಚಾಗಿ ಅಲ್ಲಿ ಪಳಗಿದ ಕೈಗಳು. ಅವು ಹುಬ್ಬಳ್ಳಿಯಲ್ಲೇ ಉಳಿದವು. ಆ ಕೈಗಳಿಗೆ ಕೆಲಸ ಹುಡುಕಿಕೊಂಡು ಮದ್ರಾಸ್ ಕಡೆಯಿಂದ, ಆಂಧ್ರದ ಕಡೆಯಿಂದ, ಮರಾಠಿ ಸೀಮೆಯಿಂದ ಜನ ಬಂದರು. ಗದಗ ರಸ್ತೆಯ ಓಣಿಗಳಲ್ಲಿ ತೆಲುಗು, ತಮಿಳು, ಉರ್ದು, ಕನ್ನಡ ಒಂದೇ ನಲ್ಲಿಯ ಮುಂದೆ ಕೊಡ ಇಟ್ಟವು. ನಿಮ್ಮ ಪತ್ರದಲ್ಲೇ ನೋಡಿ, ‘ಪಾಳಿ’ ಎನ್ನುವ ಕನ್ನಡದ ಪಕ್ಕದಲ್ಲೇ ‘ಖಲಾಸಿ’, ‘ಪಾನಾ’, ‘ಡೂಟಿ’ ಎಲ್ಲ ಬಂದಿವೆ.

ಆದರೆ ಇದನ್ನು ಎಲ್ಲರೂ ಒಂದಾಗಿ ಬಾಳಿದ ಕಥೆ ಮಾಡಿಬಿಟ್ಟರೆ ಸುಳ್ಳಾಗುತ್ತದೆ. ರೈಲ್ವೆ ಕಾಲೊನಿ ಅಂದರೆ ಮೆಟ್ಟಿಲು ಮೆಟ್ಟಿಲಾದ ಲೋಕ. ಮೇಲೆ ಮರಗಳ ನಡುವೆ ಸಾಹೇಬರ ಬಂಗಲೆ. ಆಮೇಲೆ ಡ್ರೈವರ್, ಗಾರ್ಡು, ಫೋರ್‌ಮನ್ ಕೆಲಸಗಳಲ್ಲಿದ್ದ ಆಂಗ್ಲೋ ಇಂಡಿಯನ್ನರ ಮನೆಗಳು, ಅವರ ಚರ್ಚು, ಇನ್‌ಸ್ಟಿಟ್ಯೂಟು ಎಂಬ ಅವರ ಕ್ಲಬ್ಬು. ಕೊನೆಗೆ ಒಂದು ಕೋಣೆಯ ಸಾಲು ಮನೆಗಳು. ಒಂದೇ ಎಂಜಿನ್ನಿನ ಮೇಲೆ ನಿಂತರೂ ಕಲ್ಲಿದ್ದಲು ಎತ್ತಿ ಹಾಕುವವನ ಸಂಬಳಕ್ಕೂ ಹ್ಯಾಂಡಲ್ ಹಿಡಿಯುವವನ ಸಂಬಳಕ್ಕೂ ಆಕಾಶ ಭೂಮಿ ಅಂತರ. ಇದರಲ್ಲಿ ಎಷ್ಟು ಪಾಲು ಕೆಲಸಕ್ಕೆ, ಎಷ್ಟು ಪಾಲು ಚರ್ಮದ ಬಣ್ಣಕ್ಕೆ ಅಂತ ಎಲ್ಲರಿಗೂ ಗೊತ್ತಿತ್ತು. ಸ್ವಾತಂತ್ರ್ಯ ಬಂದ ಮೇಲೆ ಅನೇಕ ಆಂಗ್ಲೋ ಇಂಡಿಯನ್ ಕುಟುಂಬಗಳು ಇಂಗ್ಲೆಂಡಿಗೆ, ಆಸ್ಟ್ರೇಲಿಯಾಕ್ಕೆ ಹೊರಟುಹೋದವು. ಉಳಿದವರು ಎರಡೂ ಕಡೆಯವರಿಗೆ ಸಲ್ಲದೆ ಉಳಿದರು. ಅವರ ಬಗ್ಗೆ ಕನ್ನಡದಲ್ಲಿ ನಾವು ಬರೆದದ್ದು ತೀರಾ ಕಡಿಮೆ.

ನನ್ನ ಸೋದರಮಾವ ಒಂದು ಸಣ್ಣ ಸ್ಟೇಷನ್ನಿನಲ್ಲಿ ಅಸಿಸ್ಟೆಂಟ್ ಮಾಸ್ತರರಾಗಿದ್ದರು, ಮೀಟರ್ ಗೇಜಿನ ಕಾಲ. ಬೇಸಿಗೆ ರಜೆಗೆ ಅಲ್ಲಿಗೆ ಹೋಗುತ್ತಿದ್ದೆವು. ನಿಲ್ಲದ ಗಾಡಿ ಬಂದರೆ ಪಾಯಿಂಟ್ಸ್‌ಮನ್ ದೊಡ್ಡ ಬಳೆಯಂಥ ಬೆತ್ತಕ್ಕೆ ಟೋಕನ್ ಕಟ್ಟಿ ಎತ್ತಿ ಹಿಡಿಯುತ್ತಿದ್ದ. ಓಡುವ ಎಂಜಿನ್ನಿನಿಂದ ಫೈರ್‌ಮನ್ ಬಗ್ಗಿ ಅದಕ್ಕೆ ತೋಳು ತೂರಿಸಿ ಕಿತ್ತುಕೊಳ್ಳುತ್ತಿದ್ದ. ಒಂಟಿ ಹಳಿಯಲ್ಲಿ ಆ ಟೋಕನ್ ಕೈಯಲ್ಲಿದ್ದರೆ ಮಾತ್ರ ಮುಂದಿನ ಸ್ಟೇಷನ್ನಿಗೆ ಹೋಗಬಹುದು. ಎರಡು ಗಾಡಿ ಎದುರಾಬದುರಾ ಬರದಂತೆ ತಡೆಯುತ್ತಿದ್ದದ್ದು ಅದೇ. ನಮಗೆ ಅದು ಸರ್ಕಸ್ಸು. ಫೈರ್‌ಮನ್ನಿನ ತೋಳು ಹೇಗೆ ಬಾತುಕೊಂಡಿರುತ್ತಿತ್ತು ಅಂತ ಮಾವ ಹೇಳಿದ್ದು ನಾನು ದೊಡ್ಡವನಾದ ಮೇಲೆ.

ಕಾಲ್‌ಬಾಯ್ ಎಂದು ಒಬ್ಬ ಇರುತ್ತಿದ್ದ, ನಿಮಗೆ ನೆನಪಿರಬೇಕು. ಹೊತ್ತಲ್ಲದ ಹೊತ್ತಿನಲ್ಲಿ ಲಾಟೀನು ಹಿಡಿದು ಡ್ರೈವರ್ ಮನೆಗೆ ಹೋಗುವುದು, ಎಬ್ಬಿಸುವುದು, ಪುಸ್ತಕದಲ್ಲಿ ಸಹಿ ಹಾಕಿಸಿಕೊಂಡು ಮುಂದಿನ ಮನೆಗೆ ಹೋಗುವುದು. ಇಡೀ ಕಾಲೊನಿಯ ನಿದ್ದೆ ಆ ಒಂದು ಬಾಗಿಲು ಬಡಿತಕ್ಕೆ ಕಿವಿಗೊಟ್ಟೇ ಇರುತ್ತಿತ್ತು. ಇತ್ತ ಕ್ಯಾಸಲ್‌ರಾಕ್ ಘಟ್ಟದಲ್ಲಿ 37 ಅಡಿ ಹೋದರೆ ಒಂದು ಅಡಿ ಇಳಿಜಾರು, ಹಿಂದಿನಿಂದ ಇನ್ನೊಂದು ಎಂಜಿನ್ ದೂಡದೆ ಗಾಡಿ ಹತ್ತುವುದಿಲ್ಲ. ಮಳೆಗಾಲದಲ್ಲಿ ಗ್ಯಾಂಗಿನವರು ರಾತ್ರಿಯಿಡೀ ಹಳಿಯ ಮೇಲೆ ನಡೆಯಬೇಕು, ಗುಡ್ಡ ಕುಸಿದಿದೆಯಾ, ಬಂಡೆ ಬಿದ್ದಿದೆಯಾ ನೋಡಿಕೊಂಡು. ಕಿಟಕಿಯಿಂದ ದೂಧಸಾಗರದ ಫೋಟೋ ಹೊಡೆಯುವ ನಮಗೆ ಆ ಕಂದೀಲು ಕಾಣುವುದಿಲ್ಲ.

ನೀವು 1974ರ ಮುಷ್ಕರದ ಬಗ್ಗೆ ಎರಡೇ ಸಾಲು ಬರೆದು ನಿಲ್ಲಿಸಿದ್ದೀರಿ. “ಅಪ್ಪನೂ ಕೆಲಸಕ್ಕೆ ಹೋಗಲಿಲ್ಲ, ಅವ್ವ ಬಳೆ ಒತ್ತೆ ಇಟ್ಟಳು.” ಅಷ್ಟೇ. ಮೇ 8ರಿಂದ 27ರವರೆಗೆ ಇಪ್ಪತ್ತು ದಿನ ದೇಶದ ತುಂಬ ಸುಮಾರು 17 ಲಕ್ಷ ರೈಲ್ವೆ ನೌಕರರು. ಕೇಳಿದ್ದು ಎಂಟು ಗಂಟೆಯ ಪಾಳಿ, ಬೋನಸ್ಸು, ಬೇರೆ ಸರ್ಕಾರಿ ಕಾರ್ಖಾನೆಗಳವರಿಗೆ ಸಿಗುವಷ್ಟು ಸಂಬಳ. ಮುಂದೆ ನಿಂತವರು ಮಂಗಳೂರಿನ ಜಾರ್ಜ್ ಫರ್ನಾಂಡಿಸ್. ಸಾವಿರಾರು ಜನ ಜೈಲಿಗೆ ಹೋದರು, ಎಷ್ಟೋ ಕಡೆ ಕ್ವಾರ್ಟರ್ಸಿನಿಂದ ಹೆಂಡತಿ ಮಕ್ಕಳನ್ನು ಹೊರಗೆ ಹಾಕಿದರು. ಕೈಗೆ ಏನೂ ಹತ್ತದೆ ಮುಷ್ಕರ ಹಿಂತೆಗೆಯಬೇಕಾಯಿತು. ಇದೇ ಫರ್ನಾಂಡಿಸ್ ಮುಂದೆ ರೈಲ್ವೆ ಮಂತ್ರಿಯಾಗಿ ಕೊಂಕಣ ರೈಲ್ವೆಗೆ ಚಾಲನೆ ಕೊಟ್ಟರು, ಅದರಿಂದಲೇ ಕುಮಟಾಕ್ಕೂ ಹಳಿ ಬಂತು. ಬಳೆಯ ಕಥೆ ಪೂರ್ತಿ ಬರೆದು ಕಳಿಸಿ ಅಕ್ಕಾ. ಬಿಡಿಸಿಕೊಂಡರೋ ಇಲ್ಲವೋ, ಅದನ್ನಾದರೂ ಹೇಳಿ.

2003ರ ಏಪ್ರಿಲ್‌ನಲ್ಲಿ ನೈಋತ್ಯ ರೈಲ್ವೆ ಶುರುವಾಗಿ ಅದರ ಮುಖ್ಯ ಕಚೇರಿ ಹುಬ್ಬಳ್ಳಿಗೆ ಬಂದದ್ದು, ಅದಕ್ಕೂ ಮುಂಚೆ ಬೆಂಗಳೂರೋ ಹುಬ್ಬಳ್ಳಿಯೋ ಎಂಬ ಜಗ್ಗಾಟ, ಇದನ್ನೆಲ್ಲ ನೀವು ಕಣ್ಣಾರೆ ಕಂಡವರು, ನಾನು ಹೇಳಬೇಕಿಲ್ಲ.

ಈಗ ಬಿಲ್ಲೆ. ಬೆಳಿಗ್ಗೆ ಗೇಟಿನಲ್ಲಿ ಅದನ್ನು ತೆಗೆದುಕೊಂಡು ಒಳಗೆ ಹೋಗಿ ಹಲಗೆಯ ಮೇಲೆ ತನ್ನ ನಂಬರಿನ ಮೊಳೆಗೆ ನೇತುಹಾಕಬೇಕಿತ್ತು. ಮೊಳೆ ಖಾಲಿ ಇದ್ದರೆ ಅವತ್ತಿನ ಕೂಲಿ ಇಲ್ಲ. ಅಂದರೆ ನಿಮ್ಮ ಅಜ್ಜ ಗೇಟಿನೊಳಗೆ ಕಾಲಿಟ್ಟ ಮೇಲೆ ಹೆಸರಲ್ಲ, ಆ ನಂಬರು. ಹುಬ್ಬಳ್ಳಿಯ ರೈಲು ಮ್ಯೂಸಿಯಂ 2020ರಲ್ಲಿ ತೆರೆದಿದೆ, ಚೆನ್ನಾಗಿಯೇ ಇದೆ, ಮಲಪ್ರಭಾ ಮತ್ತು ಘಟಪ್ರಭಾ ಎಂಬ ಹಳೇ ಮನೆಗಳನ್ನೂ ಜೋಪಾನ ಮಾಡಿದ್ದಾರೆ. ಕೊಡಬೇಡಿ ಎನ್ನುವುದಿಲ್ಲ. ಆದರೆ ಸುಮ್ನೆ ಬಿಲ್ಲೆ ಕೊಟ್ಟರೆ ಗಾಜಿನ ಪೆಟ್ಟಿಗೆಯಲ್ಲಿ ಮತ್ತೆ ಒಂದು ನಂಬರಾಗಿ ಕೂರುತ್ತದೆ. ಮೊದಲು ಕೂತು ಬರೆಯಿರಿ. ಅಜ್ಜ ಯಾವ ಊರಿನಿಂದ ಬಂದರು, ಯಾವ ಶಾಪಿನಲ್ಲಿದ್ದರು, ಯಾರ ಕೈಕೆಳಗೆ ಕೆಲಸ ಕಲಿತರು, ಕಿವಿ ಕೇಳಿಸುತ್ತಿತ್ತಾ (ರಿವೆಟ್ ಹೊಡೆಯುವವರಲ್ಲಿ ಬಹಳ ಜನಕ್ಕೆ ಕೇಳಿಸುತ್ತಿರಲಿಲ್ಲ), ಬುತ್ತಿಗೆ ಏನು ಒಯ್ಯುತ್ತಿದ್ದರು. ಅದನ್ನು ಬಿಲ್ಲೆಯ ಜೊತೆ ಕೊಡಿ, ಪಕ್ಕದಲ್ಲೇ ಇಡುತ್ತೇವೆ ಎಂದು ಬರೆಸಿಕೊಂಡು ಕೊಡಿ.

ಒಂದು ಪ್ರತಿ ನಮಗೂ ಬೇಕು. ಬಿಲ್ಲೆಯ ಎರಡೂ ಮಗ್ಗುಲಿನ ಫೋಟೋ ಹಗಲು ಬೆಳಕಿನಲ್ಲಿ ತೆಗೆದು ಕಳಿಸಿ. ಹುಣಸೆಹಣ್ಣು ಹಾಕಿ ತಿಕ್ಕಬೇಡಿ ಮಾತ್ರ, ನಂಬರು ಸವೆದು ಹೋದೀತು.