ಫಾಲ್ಸ್ ಸ್ಟಾರ್ಟ್ ಆದದ್ದು ಮಗನಿಗೆ, ಮಂಡೆಬಿಸಿ ಮನೆಗೆಲ್ಲ

ಪ್ರಶ್ನೆ: ಮಗ ದ್ವಿತೀಯ ಪಿಯುಸಿ. ಉಡುಪಿಯ ಅಜ್ಜರಕಾಡು ಕ್ರೀಡಾಂಗಣದಲ್ಲಿ 100 ಮೀಟರ್ ಫೈನಲ್‌ನಲ್ಲಿ ಫಾಲ್ಸ್ ಸ್ಟಾರ್ಟ್ ಆಗಿ, ಅಂದರೆ ಓಟದ ಸಂಕೇತಕ್ಕೆ ಮೊದಲೇ ಹೊರಟು, ಹೊರಬಿದ್ದ. ವಿಡಿಯೊ ವಾಟ್ಸಾಪ್‌ನಲ್ಲೆಲ್ಲ ಸುತ್ತಿತು. ‘ನೆಂಟರ ಎದುರು ಮರ್ಯಾದೆ ತೆಗೆದ’ ಎಂದು ನಮ್ಮವರು ಅವನೊಡನೆ ಮಾತು ಬಿಟ್ಟಿದ್ದಾರೆ. ಅವನೀಗ ಅಭ್ಯಾಸಕ್ಕೇ ಹೋಗುವುದಿಲ್ಲ, ಸಂಜೆ ನನ್ನೊಟ್ಟಿಗೆ ಕೂತು ಧಾರಾವಾಹಿ ನೋಡುತ್ತಾನೆ. ಏನು ಮಾಡಲಿ?
– ಹೆಸರು ಬೇಡ, ಬ್ರಹ್ಮಾವರ

ಉತ್ತರ: ಮಗನದ್ದು ಸರಿಮಾಡಬಹುದಾದ ತಪ್ಪು. ಒಮ್ಮೆ ತಪ್ಪಿದರೆ ಹೊರಗೆ ಎಂಬ ನಿಯಮ 2010ರಿಂದ ಇದೆ. 2011ರಲ್ಲಿ ದಕ್ಷಿಣ ಕೊರಿಯಾದ ದೇಗು ವಿಶ್ವ ಚಾಂಪಿಯನ್‌ಶಿಪ್‌ನ 100 ಮೀಟರ್ ಫೈನಲ್‌ನಲ್ಲಿ ಉಸೇನ್ ಬೋಲ್ಟ್ ಕೂಡ ಹೀಗೇ ಹೊರಬಿದ್ದರು. ಅದೇ ಕೂಟದಲ್ಲಿ 200 ಮೀಟರ್ ಗೆದ್ದರು, ರಿಲೇಯಲ್ಲಿ ವಿಶ್ವದಾಖಲೆಯೂ ಬಂತು.

ಓಟಕ್ಕೆ ಸಜ್ಜಾಗಲು ‘ಸೆಟ್’ ಅಂದಾಗ ಭಾರವೆಲ್ಲ ಕೈಬೆರಳಿನ ಮೇಲೆ ಬಿದ್ದರೆ ಮೈ ತಾನಾಗಿ ಮುಂದಕ್ಕೆ ಜಾರುತ್ತದೆ. ಪಕ್ಕದವನು ಅಲುಗಿದ್ದಕ್ಕೇ ಹೊರಟುಬಿಡುವವರೂ ಇದ್ದಾರೆ. ಪಾದ ಊರಿ ಹೊರಡುವ ಬ್ಲಾಕ್‌ಗಳ ದೂರವನ್ನು ಮತ್ತೆ ಅಳೆಯಲಿ: ಸಾಮಾನ್ಯವಾಗಿ ಗೆರೆಯಿಂದ ಮುಂದಿನದು ಎರಡು ಪಾದ, ಹಿಂದಿನದು ಮೂರು ಪಾದ ದೂರ. ‘ಸೆಟ್’ಗೂ ವಿಸಿಲ್‌ಗೂ ನಡುವಿನ ಹೊತ್ತನ್ನು ಕೋಚ್ ಒಂದರಿಂದ ಮೂರು ಸೆಕೆಂಡಿನೊಳಗೆ ಪ್ರತಿ ಸಲ ಬದಲಿಸಲಿ, ಕೆಲವು ಸಲ ವಿಸಿಲ್ ಊದದೆಯೇ ಎಬ್ಬಿಸಲಿ. ಸಂಜೆಗೆ ಆರೆಂಟು ಸ್ಟಾರ್ಟ್ ಸಾಕು. ದಣಿದ ಮೇಲೆ ಮಾಡಿದರೆ ತಪ್ಪೇ ಅಭ್ಯಾಸವಾಗುತ್ತದೆ.

ಕಷ್ಟ ಇರುವುದು ನಿಮ್ಮ ಯಜಮಾನರದ್ದು. ಪದಕ ಬಂದಾಗ ಸ್ಟೇಟಸ್ ಹಾಕಿ ಬೀಗಿದವರಿಗೆ ಈಗ ನೆಂಟರಿಗೆ ಏನು ಹೇಳುವುದೆಂದೇ ಗೊತ್ತಾಗುತ್ತಿಲ್ಲ. ಅವರಿಗೊಂದು ಉತ್ತರ ಕೊಡಿ: ‘ಸ್ಟಾರ್ಟ್ ತಪ್ಪಿತು, ಅದನ್ನೇ ಅಭ್ಯಾಸ ಮಾಡ್ತಿದ್ದಾನೆ.’ ಅದರ ಮೇಲೆ ಒಂದಕ್ಷರವೂ ಬೇಡ. ಮಗನಿಗೆ ಉಪದೇಶವೂ ಬೇಡ. ‘ಬಾ, ಗ್ರೌಂಡಿಗೆ ಬಿಡ್ತೇನೆ’ ಎಂದು ಬೈಕಿನಲ್ಲಿ ಬಿಟ್ಟು, ನೋಡುತ್ತ ನಿಲ್ಲದೆ ಬರಲಿ. ಯಜಮಾನರೊಡನೆ ಈ ಮಾತನ್ನು ಮಗನ ಕಿವಿಗೆ ಬೀಳದಂತೆ ಆಡಿ.

ಧಾರಾವಾಹಿ ಬಂದ್ ಮಾಡಬೇಡಿ, ಅವನಿಗೀಗ ನಿಮ್ಮ ಪಕ್ಕ ಕೂರಲು ಇರುವ ನೆಪ ಅದೊಂದೇ. ಆದರೆ ಅಲ್ಲಿ ಸೋತವನ ಮುಖವನ್ನೂ ಸುತ್ತ ನಿಂತವರ ಮುಖವನ್ನೂ ಮತ್ತೆ ಮತ್ತೆ ತೋರಿಸಿ, ಅವಮಾನದ ಘಳಿಗೆಗೇ ಕಂತು ನಿಲ್ಲಿಸುವುದು ನಾಳೆಯೂ ನೀವು ಟಿವಿ ಹಾಕಬೇಕೆಂದು. (ಟಿಆರ್‌ಪಿ ಬರುವುದೇ ಹಾಗೆ.) ಅದನ್ನು ಅವನೆದುರು ನಕ್ಕು ಹೇಳಿ. ವಿಡಿಯೊ ಹಂಚಿದವರು ನೆಂಟರೇ ಆಗಿದ್ದರೆ ನೇರ ಫೋನ್ ಮಾಡಿ ‘ಇನ್ನು ಕಳಿಸಬೇಡಿ’ ಎನ್ನಿ. ಗ್ರೂಪಿನಲ್ಲಿ ಜಗಳಕ್ಕಿಳಿದರೆ ನೋಡದವರೂ ಹುಡುಕಿ ನೋಡುತ್ತಾರೆ.

ಊಟ, ನಿದ್ದೆ ಎರಡು ವಾರಕ್ಕೂ ಮೀರಿ ಕೆಟ್ಟಿದ್ದರೆ ಮನೋವೈದ್ಯರಿಗೆ ತೋರಿಸಿ. ‘ನಾನಿದ್ದು ಏನು ಪ್ರಯೋಜನ’ ಎಂಬ ಮಾತು ಒಮ್ಮೆ ಬಂದರೂ ಅವನನ್ನು ಒಂಟಿ ಬಿಡಬೇಡಿ, ಅಂದೇ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ 14416ಕ್ಕೆ ಕರೆಮಾಡಿ. ಉಚಿತ, 24 ಗಂಟೆಯೂ ಇರುತ್ತದೆ, ಕನ್ನಡದಲ್ಲೇ ಮಾತಾಡಬಹುದು.